ಲೋಟ ಯಾವ ಕೈಯಲ್ಲಿತ್ತು?

ಒಂಬತ್ತಕ್ಕೆ ಮೊದಲ ಶಾಟ್ ಎಂದರೆ ಏಳೂವರೆಗೆಲ್ಲ ಶೂಟಿಂಗ್ ಮನೆ ಸೇರಿರಬೇಕು. ಧಾರಾವಾಹಿಯಲ್ಲಿ ಸೋದರತ್ತೆಯ ಪಾತ್ರ ಮಾಡುವ ನಟಿ ಬರುವುದು ದೊಡ್ಡ ಬ್ಯಾಗ್ ಹೊತ್ತು: ಐದಾರು ಸೀರೆ, ಹೊಂದುವ ರವಿಕೆ, ಬಳೆ, ಪಿನ್ನು. ಪೋಷಕ ಪಾತ್ರಗಳಿಗೆ ಎಷ್ಟೋ ಕಡೆ ಬಟ್ಟೆ ಸ್ವಂತದ್ದೇ. ತೀರಾ ಸಣ್ಣ ಗೆರೆಯ ಸೀರೆ ಬೇಡ, ಕ್ಯಾಮೆರಾದಲ್ಲಿ ಗೆರೆಗಳು ಅಲೆಅಲೆಯಾಗಿ ಅಲುಗುತ್ತವೆ. ಉಟ್ಟ ಕೂಡಲೇ ಮೊಬೈಲಿನಲ್ಲಿ ಫೋಟೊ ತೆಗೆದು ಸೀನ್ ನಂಬರ್ ಬರೆದಿಟ್ಟುಕೊಳ್ಳಬೇಕು. ಅದೇ ಸೀನಿನ ಉಳಿದರ್ಧ ನಾಲ್ಕು ದಿನ ಬಿಟ್ಟು ತೆಗೆದಾರು.

ಹಾಲ್‌ನಲ್ಲಿ ಮನೆಮಂದಿಯೆಲ್ಲ ಸೇರಿದ ಸೀನ್ ಬಂದರೆ ನಿಜವಾದ ಪರೀಕ್ಷೆ. ಮೊದಲು ಇಡೀ ಸೀನನ್ನು ಎಲ್ಲರೂ ಕಾಣುವಂತೆ ತೆಗೆಯುವ ಮಾಸ್ಟರ್ ಶಾಟ್, ಆಮೇಲೆ ಒಬ್ಬೊಬ್ಬರ ಕ್ಲೋಸಪ್. ಮಾಸ್ಟರ್‌ನಲ್ಲಿ ಕಾಫಿ ಲೋಟ ಬಲಗೈಯಲ್ಲಿತ್ತು, 'ಅಲ್ಲ ಕಣೋ' ಅನ್ನುವಾಗ ಟೀಪಾಯ್ ಮೇಲಿಟ್ಟದ್ದು. ಒಂದು ಗಂಟೆಯ ನಂತರ ಕ್ಲೋಸಪ್‌ನಲ್ಲೂ ಅದೇ ಕೈ, ಅದೇ ಮಾತು, ಲೋಟದಲ್ಲಿ ಅಷ್ಟೇ ಕಾಫಿ ಇರಬೇಕು. ತಪ್ಪಿದರೆ ಎರಡು ಶಾಟ್ ಕೂಡುವುದಿಲ್ಲ, ಎಡಿಟರ್ ಆ ಮುಖವನ್ನೇ ಕೈಬಿಡುತ್ತಾರೆ. ಮಾಸ್ಟರ್‌ನಲ್ಲೇ ಕೈಕೆಲಸ ಕಡಿಮೆ ಇಟ್ಟುಕೊಳ್ಳುವುದು ಜಾಣತನ.

ಹೀರೊ ಅಷ್ಟರಲ್ಲಿ ಹೊರಟುಹೋಗಿದ್ದರೆ ಅಸಿಸ್ಟೆಂಟ್ ಡೈರೆಕ್ಟರ್ ಲೆನ್ಸ್ ಪಕ್ಕ ಮುಷ್ಟಿ ಹಿಡಿದು, "ಲುಕ್ ಇಲ್ಲಿ ಕೊಡಿ ಮೇಡಂ" ಅನ್ನುತ್ತಾರೆ. ಆ ಮುಷ್ಟಿಯೇ ಅಣ್ಣನ ಮಗ, ಅದನ್ನು ನೋಡಿಯೇ ಕಣ್ಣು ತುಂಬಬೇಕು. ಈ ಕೆಲಸಕ್ಕೆ ಸಿಗಬೇಕಾದಷ್ಟು ಮರ್ಯಾದೆ ಸಿಕ್ಕಿಲ್ಲ. ಹಾಳೆಯಲ್ಲಿ ಸೋದರತ್ತೆಗೆ ಎರಡೇ ಸಾಲಿರಬಹುದು. ಆದರೆ ಹೀರೊ ಆಡಿದ ಮಾತಿನ ಪೆಟ್ಟು ನೋಡುವವರಿಗೆ ತಾಗುವುದು ಕೇಳಿಸಿಕೊಂಡವರ ಮುಖದಲ್ಲಿ. ರಿಯಾಕ್ಷನ್ ಕೊಟ್ಟ ಮೇಲೆ 'ಕಟ್' ಅನ್ನುವವರೆಗೆ ಮುಖ ಸಡಿಲಬಿಡಬಾರದು. ಕೊನೆಯ ಆ ಮೂರ್ನಾಲ್ಕು ಸೆಕೆಂಡೇ ಎಡಿಟಿಂಗ್‌ಗೆ ಬೇಕಾಗುವುದು.

ರಂಗಭೂಮಿಯಿಂದ ಬಂದವರು ಮೊದಮೊದಲು ಎಡವುವುದು ದನಿಯಲ್ಲಿ. ಪ್ರೇಕ್ಷಕರ ಕೊನೆಯ ಸಾಲಿಗೆ ಮುಟ್ಟಿಸಿ ರೂಢಿಯಾದ ಗಂಟಲು, ಇಲ್ಲಿ ಮೈಕು ಸೀರೆಯ ಸೆರಗಿನೊಳಗೇ ಇರುತ್ತದೆ. ಬಳೆ ಸದ್ದಾದರೂ ಟೇಕ್ ಹೋಯಿತು. ಪ್ರಾಂಪ್ಟಿಂಗ್ ಇನ್ನೊಂದು ತೊಡಕು: ಹೇಳಿಕೊಡುವವರ ದನಿ ನಿಲ್ಲುವ ಮೊದಲೇ ಮಾತು ಶುರುಮಾಡಿದರೆ ಎರಡೂ ಒಂದರ ಮೇಲೊಂದು ಬೀಳುತ್ತವೆ, ಕಿವಿ ಅತ್ತ ಹೋದರೆ ಕಣ್ಣು ಖಾಲಿಯಾಗುತ್ತದೆ. ಮೇಕಪ್ ಕುರ್ಚಿಯಲ್ಲೇ ಎರಡು ಸಲ ಓದಿಕೊಂಡರೆ ಅರ್ಧ ಕಷ್ಟ ಕಳೆಯಿತು.

ಪೇಮೆಂಟ್ ದಿನದ ಲೆಕ್ಕ. ಕೈಗೆ ಬರಲು ಎರಡು ಮೂರು ತಿಂಗಳಾಗುವುದುಂಟು, ಅದರಲ್ಲೂ ಶೇಕಡಾ 10 ಟಿಡಿಎಸ್ (ಕೊಡುವವರೇ ಮೊದಲೇ ಹಿಡಿಯುವ ಆದಾಯ ತೆರಿಗೆ) ಮುರಿದುಕೊಂಡು. ರಿಟರ್ನ್ ಸಲ್ಲಿಸದಿದ್ದರೆ, ವಾಪಸು ಬರಬೇಕಾದ ದುಡ್ಡೂ ಬರುವುದಿಲ್ಲ. ಕತೆಯ ಟ್ರ್ಯಾಕ್ ಬದಲಾಗಿ ಸೋದರತ್ತೆ ಊರಿಗೆ ಹೋದಳೋ, ತಿಂಗಳಿಗೆ ಹನ್ನೆರಡು ದಿನದ ಕೆಲಸ ಎರಡಕ್ಕಿಳಿಯುತ್ತದೆ. ಅದಕ್ಕೇ ಎರಡು ಧಾರಾವಾಹಿ ಒಪ್ಪಿಕೊಳ್ಳುವುದು. ಹಾಗೆ ಒಪ್ಪಿದವರು ಎರಡೂ ಕಡೆಯ ಪ್ರೊಡಕ್ಷನ್ ಮ್ಯಾನೇಜರ್‌ಗೆ ಡೇಟ್ಸ್ ಬರಹದಲ್ಲೇ ಕಳಿಸಬೇಕು. ಪ್ಯಾಕಪ್ ಆದ ರಾತ್ರಿ, ಮೇಕಪ್ ಒರೆಸುವ ಮೊದಲು, ತಾರೀಖು, ಬಂದ ಹೊತ್ತು, ಬಿಟ್ಟ ಹೊತ್ತು, ಸೀನ್ ನಂಬರ್ ಡೈರಿಗೆ ಬೀಳಬೇಕು. ಮೂರು ತಿಂಗಳ ಮೇಲೆ ಲೆಕ್ಕದಲ್ಲಿ ಒಂದು ದಿನ ಕಡಿಮೆ ಬಂದರೆ ತೋರಿಸಲು ಇರುವುದು ಆ ಪುಟವೊಂದೇ.