ತಿದಿ ಅಪ್‌ಡೇಟ್ 4: ವರ್ಷದ ಲೆಕ್ಕ ಕೆಟ್ಟೋಯ್ತು, ಸೂರ್ಯನೂ ಸಣ್ಣಗಾದ

ಎರಡು ತಿಂಗ್ಳಿಂದ ಏನೂ ಹಾಕಿಲ್ಲ, ಮನೇಲಿ ರೇಷ್ಮೆ ಹುಳ ಇತ್ತು. ಶಿಡ್ಲಘಟ್ಟದ ಕಡೆಯೋರಿಗೆ ಬೇರೆ ಹೇಳ್ಬೇಕಾಗಿಲ್ಲ, ಹುಳ ಮೇಯ್ತಿರೋವಾಗ ಮನುಷ್ರು ಮಲಗೋಕೇ ಜಾಗ ಹುಡುಕ್ಬೇಕು, ಇನ್ನ ನಕ್ಷತ್ರ ಎಲ್ಲಿಂದ.

ಹೊಸಬ್ರಿಗೆ: ನಾನೊಂದು ಕಾಲ್ಪನಿಕ ಲೋಕ ಕಟ್ತಿದೀನಿ, ಅದರ ಸೂರ್ಯನ ಹೆಸ್ರು ತಿದಿ. ಕುಲುಮೇಲಿ ಗಾಳಿ ಊದೋ ತಿದಿ ಥರಾನೇ ಆರು ದಿನಕ್ಕೊಂದ್ಸಲ ಉಬ್ಬಿ ಇಳಿಯುತ್ತೆ, ಬೆಳಕೂ ಏರಿ ಇಳಿಯುತ್ತೆ. ಇದು ಪಲ್ಸರ್ ಅಲ್ಲ, ಬೈಕಂತೂ ಅಲ್ಲವೇ ಅಲ್ಲ. ಪಲ್ಸರ್ ಅಂದ್ರೆ ಗಿರಗಿರ ತಿರುಗೋ ಸತ್ತ ನಕ್ಷತ್ರ, ನಮ್ಮ ಜಿಲ್ಲೆ ಗೌರಿಬಿದನೂರಿನ ರೇಡಿಯೋ ಟೆಲಿಸ್ಕೋಪಲ್ಲಿ ಕೇಳಿಸ್ಕೊಂಡಿರೋದು ಅಂಥವನ್ನ. ತಿದಿ ಸೆಫೀಡ್ ಜಾತಿ, ಅಂದ್ರೆ ಉಬ್ಬಿ ಇಳಿದು ನಿಜವಾಗ್ಲೂ ಉಸಿರಾಡೋ ನಕ್ಷತ್ರ. ಅಚ್ಚು ತಗೊಂಡಿರೋದು ಡೆಲ್ಟಾ ಸೆಫೈ ನಕ್ಷತ್ರದಿಂದ, 1784ರಲ್ಲಿ ಯಾರ್ಕ್ ಊರಲ್ಲಿ ಜಾನ್ ಗುಡ್‌ರಿಕ್ ಅನ್ನೋ 20 ವರ್ಷದ ಹುಡುಗ, ಕಿವಿ ಕೇಳ್ತಿರಲಿಲ್ಲ ಅವನಿಗೆ, ಪಕ್ಕದ ನಕ್ಷತ್ರಗಳ ಜೊತೆ ಹೋಲಿಸಿ ನೋಡಿ ನೋಡಿ ಇದು 5 ದಿನ 9 ಗಂಟೆಗೊಂದ್ಸಲ ಏರಿಳಿಯುತ್ತೆ ಅಂತ ಹಿಡಿದ.

ಈಗ ತಪ್ಪೊಪ್ಪಿಗೆ. ಮೊದಲನೇ ಅಪ್‌ಡೇಟಲ್ಲಿ ನನ್ನ ಗ್ರಹಾನ ಭೂಮಿ ಸೂರ್ಯನಿಂದ ಎಷ್ಟು ದೂರ ಇದೆಯೋ ಅಷ್ಟೇ ದೂರಕ್ಕಿಟ್ಟು, ಆಕಾಶದ ಅರ್ಧ ತುಂಬೋ ಹಂಗೆ ದೊಡ್ಡ ಕೆಂಪು ಸೂರ್ಯನ ಚಿತ್ರ ಬರೆದು ಹಾಕಿದ್ದೆ, ಎಲ್ರೂ ಸೂಪರ್ ಅಂದಿದ್ರಿ. ಈ ಸಲ ಕೂತು ಲೆಕ್ಕ ಹಾಕ್ದೆ. ಇಂಥ ನಕ್ಷತ್ರ ಸೂರ್ಯನ ಸುಮಾರು 2000 ಪಟ್ಟು ಬೆಳಕು ಕೊಡುತ್ತೆ. ಅಷ್ಟು ಹತ್ರ ಇಟ್ರೆ ನೆಲ 1400 ಡಿಗ್ರಿ ದಾಟುತ್ತೆ, ಕಲ್ಲೇ ಕರಗುತ್ತೆ, ನಾನು ಅಲ್ಲಿ ಹುಣಸೆ ತೋಪು ಬೇರೆ ಬೆಳೆಸಿದ್ದೆ. ಭೂಮಿಯಷ್ಟೇ ಬಿಸಿಲು ಬೀಳ್ಬೇಕು ಅಂದ್ರೆ 2000ದ ವರ್ಗಮೂಲ, ಅಂದ್ರೆ 45 ಪಟ್ಟು ದೂರ ಹೋಗ್ಬೇಕು. ನಮ್ಮಲ್ಲಿ ಪ್ಲೂಟೋ ಸರಾಸರಿ ದೂರಾನೇ 39.5 ಪಟ್ಟು.

ಸರಿ ದೂರ ಹಾಕ್ದೆ, ಆಮೇಲೆ ಬಂತು ನೋಡಿ ಗ್ರಹಚಾರ. ಇಂಥ ನಕ್ಷತ್ರ ಸೂರ್ಯನ ಐದು ಪಟ್ಟು ತೂಕ ಅಂತಿಟ್ಕೊಳ್ಳಿ, 45ರ ಘನ 91125, ಐದರಿಂದ ಭಾಗಿಸಿದ್ರೆ 18225, ವರ್ಗಮೂಲ ಕರೆಕ್ಟಾಗಿ 135. ದೂರದ ಘನಾನ ತೂಕದಿಂದ ಭಾಗಿಸಿ ವರ್ಗಮೂಲ ತೆಗೆದ್ರೆ ಒಂದು ಸುತ್ತಿಗೆ ಎಷ್ಟು ವರ್ಷ ಅಂತ ಸಿಗುತ್ತೆ, ಕೆಪ್ಲರ್ ನಿಯಮ, ಅದಕ್ಕೆ ಅಪೀಲೇ ಇಲ್ಲ. ಅಲ್ಲಿ ಒಂದು ವರ್ಷ ಅಂದ್ರೆ ನಮ್ಮ 135 ವರ್ಷ! ಮೂರನೇ ಅಪ್‌ಡೇಟಲ್ಲಿ ಬರೆದಿದ್ದ ಸುಗ್ಗಿ, ಜಾತ್ರೆ, ಕ್ಯಾಲೆಂಡರ್ ಎಲ್ಲಾ ತಿಪ್ಪೆಗೆ.

ಚಿತ್ರಾನೂ ಹೋಯ್ತು, ಇದು ಮಾತ್ರ ಹೊಟ್ಟೆ ಉರಿಸ್ತು. ತಿದಿ ಸೂರ್ಯನ 45 ಪಟ್ಟು ಅಗಲ, ಇರೋದೂ 45 ಪಟ್ಟು ದೂರ, ಎರಡೂ ಹೊಡೆದೋಗುತ್ತೆ. ಮೇಲ್ಮೈ ಬಿಸಿಯೂ ಹೆಚ್ಚೂಕಮ್ಮಿ ನಮ್ಮ ಸೂರ್ಯನಷ್ಟೇ. ಅಂದ್ರೆ ಆ ಗ್ರಹದಲ್ಲಿ ನಿಂತು ನೋಡಿದ್ರೆ ಇಲ್ಲಿ ನಮ್ಮ ಮನೆ ಮೇಲೆ ಕಾಣೋ ಸೂರ್ಯನೇ, ಅದೇ ಸೈಜು, ಅದೇ ಬಣ್ಣ. ನಾಲ್ಕು ರಾತ್ರಿ ಕೂತು ಬಳಿದಿದ್ದ ಕೆಂಪೆಲ್ಲ ಅಳಿಸ್ದೆ. ಕಾಲದ ಸಮಸ್ಯೆ ಬೇರೆ: ಇಂಥ ದಪ್ಪ ನಕ್ಷತ್ರದ ಆಯಸ್ಸು ಹತ್ತು ಕೋಟಿ ವರ್ಷದ ಆಸುಪಾಸು, ಭೂಮಿಗಾಗ್ಲೇ 450 ಕೋಟಿ. ಅಷ್ಟರಲ್ಲಿ ಅಲ್ಲೇ ಜೀವ ಹುಟ್ಟಿ ಮನುಷ್ರಾಗೋದು ಆಗದ ಮಾತು, ಹಂಗಾಗಿ ನನ್ನ ಜನ ಎಲ್ಲಿಂದಲೋ ಗುಳೆ ಬಂದೋರು ಅಂತ ಮಾಡಿದೀನಿ.

ತಿದಿಯ ಬೆಳಕು ಏರಿ ಇಳಿಯೋದನ್ನ ತೋರಿಸೋ ಎಲ್‌ಇಡಿ ಮಾಡೆಲ್ ಕೆಲ್ಸ ಮಾಡ್ತಿದೆ. ಆರ್ಡುಯಿನೋ ಅನ್ನೋ ಕೋಡ್ ಹಾಕೋ ಪುಟ್ಟ ಬೋರ್ಡಲ್ಲಿ ಒಂದು ದಿನಕ್ಕೆ 10 ಸೆಕೆಂಡ್ ಲೆಕ್ಕ, 15 ಸೆಕೆಂಡಲ್ಲಿ ಜಗ್ಗಂತ ಏರುತ್ತೆ, 45 ಸೆಕೆಂಡ್ ತಗೊಂಡು ನಿಧಾನಕ್ಕೆ ಇಳಿಯುತ್ತೆ, ಸೆಫೀಡ್‌ಗಳ ಗ್ರಾಫ್ ಹಂಗೇ ವಾರೆಯಾಗಿರೋದು. ಮುಂಚೆ ಉಬ್ಬಿದಾಗ ಜಾಸ್ತಿ ಬೆಳಕು ಅಂತ ಕೋಡ್ ಬರೆದಿದ್ದೆ, ಅದೂ ತಪ್ಪು. ಒಳಗೆ ಹೀಲಿಯಂ ಪದರ ತಪ್ಪಲೆ ಮುಚ್ಚಳ ಇದ್ದಂಗೆ, ಕುಗ್ಗಿದಾಗ ಬಿಸಿ ತಡೆದಿಟ್ಕೊಳ್ಳುತ್ತೆ, ಒತ್ತಡ ಜಾಸ್ತಿಯಾಗಿ ಎತ್ತುತ್ತೆ, ಉಬ್ಬಿದ ಮೇಲೆ ಬಿಸಿ ಆಚೆ ಬಿಟ್ಟು ಮತ್ತೆ ಕೂರುತ್ತೆ. ಬೆಳಕು ತುದಿ ಮುಟ್ಟೋದು ಪೂರ್ತಿ ಉಬ್ಬಿದಾಗಲ್ಲ, ಜೋರಾಗಿ ಉಬ್ಬುತ್ತಾ ಇರೋವಾಗ. ಕತ್ತಲೆ ಜಾಗ ಅಂತ ಇದನ್ನ ಹುಳದ ಮನೇಲಿಟ್ಟು ಟೆಸ್ಟ್ ಮಾಡಕ್ಕೋದೆ, ಅಮ್ಮ ನೋಡಿ "ಹುಳ ಸೊಪ್ಪು ಬಿಟ್ರೆ ನಿನ್ ನಕ್ಷತ್ರ ಬಂದು ಸಾಲ ತೀರ್ಸುತ್ತೇನೋ" ಅಂತ ವೈರ್ ಸಮೇತ ಆಚೆಗೆ ಹಾಕಿದ್ಲು. ಈಗ ಮಾಡೆಲ್ಲು ಮಹಡಿ ಮೆಟ್ಲು ಕೆಳಗಿದೆ.

ಕ್ಯಾಲೆಂಡರ್ ಸರಿ ಹೋಗಿದ್ದು ಅಕ್ಕನ ಮಗಳಿಂದ. ರಜಕ್ಕೆ ಬಂದಿದ್ಲು, ಎಲ್ಲಾ ಕೇಳಿ "ಮಾಮ, ಹಂಗಾದ್ರೆ ಅಲ್ಲಿ ಯಾರಿಗೂ ಹ್ಯಾಪಿ ಬರ್ತ್‌ಡೇನೇ ಇಲ್ವಾ?" ಅಂದ್ಲು. ಇಲ್ಲ! ಒಂದು ಕಾಲ ಅಂದ್ರೇನೇ 34 ವರ್ಷ, ಚಳಿಗಾಲದಲ್ಲಿ ಹುಟ್ಟಿದೋನಿಗೆ ಮಕ್ಕಳಾದ್ಮೇಲೆ ಬೇಸಿಗೆ ಬರುತ್ತೆ. ಅವ್ಳು ಕೇಳಿದಾಗ ನಾನು ಸೊಪ್ಪು ಕತ್ತರಿಸ್ತಿದ್ದೆ, ಆಚೆಯಿಂದ ಪಕ್ಕದ್ಮನೆಯೋರು ನಿಮ್ಮ ಹುಳ ಎಲ್ಲಿಗೆ ಬಂತು ಅಂದ್ರು, ಅಮ್ಮ "ಮೂರನೇ ಜ್ವರ ಎದ್ದಿದೆ" ಅಂದ್ಲು. ಜ್ವರ ಅಂದ್ರೆ ಕಾಯಿಲೆ ಅಲ್ಲ, ಹುಳ ಮೇವು ಬಿಟ್ಟು ಮಲಗಿ ಪೊರೆ ಬಿಡೋದು. ಹುಳದ ವಯಸ್ಸನ್ನ ಯಾರೂ ದಿನದಲ್ಲಿ ಹೇಳಲ್ವಲ್ಲ, ಪೊರೆ ಬಿಟ್ಟಿದ್ದರ ಮೇಲೇ ಹೇಳೋದು.

ಅಲ್ಲೇ ಫಿಕ್ಸ್ ಮಾಡ್ದೆ. ತಿದಿಯ ಆರು ದಿನದ ಒಂದು ಸುತ್ತು ಒಂದು ಉಸಿರು, ಸಾವಿರ ಉಸಿರಿಗೆ ಒಂದು ಜ್ವರ, ಅಂದ್ರೆ ನಮ್ಮ ಹದಿನಾರೂವರೆ ವರ್ಷ. ನಾಲ್ಕು ಜ್ವರಕ್ಕೆ 66 ಹತ್ರ ಬರುತ್ತೆ, ಆಮೇಲೆ ಹಣ್ಣು, ಅಂದ್ರೆ ಹುಳ ಗೂಡು ಕಟ್ಟೋ ಹೊತ್ತು, ಚಂದ್ರಿಕೆ ಅನ್ನೋ ಗೂಡು ಕಟ್ಟೋ ತಟ್ಟೆಗೆ ಬಿಡೋದೇ. ಅಮ್ಮಂಗೆ 52, ನೀನೂ ಮೂರನೇ ಜ್ವರ ಎದ್ದಿದೀಯ ನೋಡು ಅಂದೆ.

"ಹಂಗಾದ್ರೆ ಸೊಪ್ಪು ಜಾಸ್ತಿ ಹಾಕು" ಅಂದ್ಲು.