ಕೊಲೆ ಕೇಸಿನ ಅಪೀಲು: ಸಾಕ್ಷಿಯನ್ನು ನಂಬಿದ ಮೇಲೂ ವಾದ ಉಳಿದಿರುತ್ತದೆ

ಆಫೀಸಿಗೆ ಬರುವ ಜೂನಿಯರ್‌ಗಳಿಗೆ ನಾನು ಮೊದಲು ಹೇಳುವುದು ಇದನ್ನೇ. ಕೆಳಗಿನ ಕೋರ್ಟಿನ ತೀರ್ಪನ್ನು ಆಮೇಲೆ ಓದಿ, ಮೊದಲು ಸಾಕ್ಷಿಗಳ ಹೇಳಿಕೆ ಓದಿ. ತೀರ್ಪು ಓದಿಬಿಟ್ಟರೆ ಜಡ್ಜ್ ನೋಡಿದ ಹಾಗೇ ಕೇಸು ನಮಗೂ ಕಾಣುತ್ತದೆ.

ಹಳೆಯ ದಂಡ ಸಂಹಿತೆಯ (ಐಪಿಸಿ) 302, ಅಂದರೆ ಕೊಲೆ, ಅದರ ಜೊತೆ 34, ಅಂದರೆ ಹಲವರ ಸಮಾನ ಉದ್ದೇಶ, ಸೇರಿಸಿ ಜೀವಾವಧಿ ಆಗಿದ್ದರೆ ತುಂಬಾ ಜನ ಪ್ರತ್ಯಕ್ಷ ಸಾಕ್ಷಿಯ ಮೇಲೇ ಮುಗಿಬೀಳುತ್ತಾರೆ. ಸತ್ತವನ ತಮ್ಮ, ನಂಬಬೇಡಿ ಅಂತ. ಸಂಬಂಧಿ ಅನ್ನುವ ಒಂದೇ ಕಾರಣಕ್ಕೆ ಯಾವ ಕೋರ್ಟೂ ಸಾಕ್ಷಿಯನ್ನು ತಳ್ಳಿಹಾಕುವುದಿಲ್ಲ. ಒಬ್ಬನೇ ಸಾಕ್ಷಿ ಇದ್ದರೂ ಪೂರ್ತಿ ನಂಬುವಂತಿದ್ದರೆ ಸಾಕು ಅಂತ ಸುಪ್ರೀಂ ಕೋರ್ಟ್ 1957ರಲ್ಲೇ ವಡಿವೇಲು ತೇವರ್ ಕೇಸಿನಲ್ಲಿ ಹೇಳಿದೆ. ಒಂದು ಮಾತು ಸುಳ್ಳಾದರೆ ಎಲ್ಲವೂ ಸುಳ್ಳು ಅನ್ನುವ ನಿಯಮವೂ ನಮ್ಮಲ್ಲಿಲ್ಲ, ಕಾಳು ಜೊಳ್ಳು ಬೇರೆ ಮಾಡಿ ನೋಡುತ್ತಾರೆ. ಹಾಗಾಗಿ ಪ್ರಶ್ನೆ ಎರಡು. ಸಾಕ್ಷಿ ನೋಡಿದ್ದು ನಿಜವೇ? ನಿಜ ಅಂತಲೇ ಇಟ್ಟುಕೊಂಡರೂ, ಕೊಲ್ಲುವ ಉದ್ದೇಶದಲ್ಲಿ ಈ ಆರೋಪಿಗೂ ಪಾಲಿತ್ತು ಅಂತ ಅದರಿಂದ ಗೊತ್ತಾಗುತ್ತದೆಯೇ?

ನಾನು ನಡೆಸಿದ ಒಂದು ಅಪೀಲಿನಲ್ಲಿ ಮಚ್ಚು ಬೀಸಿದ್ದು ಮೊದಲ ಆರೋಪಿ, ಎ1. ಮೂರನೇ ಆರೋಪಿ ಎ3 ಸತ್ತವನ ಕೈ ಹಿಡಿದುಕೊಂಡಿದ್ದ ಅಂತ ಸಾಕ್ಷಿ ಕಟಕಟೆಯಲ್ಲಿ ಹೇಳಿದ್ದ. ತನಿಖೆಯ ವೇಳೆ ಪೊಲೀಸರ ಮುಂದೆ ಕೊಟ್ಟ ಹೇಳಿಕೆಯಲ್ಲಿ (ಸಿಆರ್‌ಪಿಸಿ 161ರ ಹೇಳಿಕೆ) ಇದ್ದದ್ದು ಎ3 ಜೊತೆಯಲ್ಲಿ ಬಂದಿದ್ದ ಅಂತ ಮಾತ್ರ. ವಿಚಾರಣೆ ನಡೆಸಿದ ವಕೀಲರು ಪುಣ್ಯಕ್ಕೆ ಇದನ್ನು ಸಾಕ್ಷಿಗೂ ಕೇಳಿದ್ದರು, ಆಮೇಲೆ ತನಿಖಾಧಿಕಾರಿಗೂ ಕೇಳಿದ್ದರು. ಪಾಟಿಸವಾಲಿನ ಕೊನೆಯಲ್ಲಿ ಅಧಿಕಾರಿಯ ಒಂದೇ ಸಾಲು: ಈ ಸಾಕ್ಷಿ ನನ್ನ ಮುಂದೆ ಹಾಗೆ ಹೇಳಿಲ್ಲ ಅನ್ನುವುದು ನಿಜ. ತೀರ್ಪಿನಲ್ಲಿ ಆ ಸಾಲಿನ ಸುದ್ದಿಯೇ ಇರಲಿಲ್ಲ. ಎ1ನ ಶಿಕ್ಷೆ ಉಳಿಯಿತು, ಎ3 ಬಿಡುಗಡೆ ಆದ. ಆ ಪ್ರಶ್ನೆಯನ್ನು ಅಧಿಕಾರಿಗೆ ಕೇಳದೇ ಇದ್ದಿದ್ದರೆ, 161 ಹೇಳಿಕೆ ಫೈಲಿನಲ್ಲಿ ಕಣ್ಣೆದುರೇ ಇದ್ದರೂ ಹೈಕೋರ್ಟಿನಲ್ಲಿ ಅದನ್ನು ಸುಮ್ನೆ ಓದಿ ತೋರಿಸಲು ಆಗುತ್ತಿರಲಿಲ್ಲ. ವಿಚಾರಣೆ ನಡೆಸುವವರು ದಯವಿಟ್ಟು ಇದನ್ನು ಬಿಡಬೇಡಿ.

ಹಾಗಂತ 'ಬರೀ ನಿಂತಿದ್ದ' ಅನ್ನುವುದೇ ಉತ್ತರ ಅಲ್ಲ. 1925ರ ಬರೇಂದ್ರ ಕುಮಾರ್ ಘೋಷ್ ಕೇಸಿನಲ್ಲಿ ತಾನು ಹೊರಗೆ ನಿಂತಿದ್ದೆ ಅಷ್ಟೇ ಅಂದವನ ವಾದವನ್ನು ಬ್ರಿಟಿಷರ ಕಾಲದ ಕೊನೆಯ ಅಪೀಲು ಕೋರ್ಟಾದ ಲಂಡನ್ನಿನ ಪ್ರಿವಿ ಕೌನ್ಸಿಲ್ ಒಪ್ಪಲಿಲ್ಲ. ಕಾವಲು ನಿಂತವನೂ ಕೃತ್ಯದಲ್ಲಿ ಪಾಲುದಾರನೇ. ನಮಗೆ ನೆರವಾಗುವುದು 1945ರ ಮೆಹಬೂಬ್ ಷಾ ಕೇಸು. ಸಿಂಧೂ ನದಿ ದಂಡೆಯ ಜಗಳ, ತಮ್ಮವನ ಕೂಗು ಕೇಳಿ ಇಬ್ಬರು ಬಂದೂಕು ಹಿಡಿದು ಬಂದರು, ಒಬ್ಬನ ಗುಂಡಿಗೆ ಒಬ್ಬ ಸತ್ತ, ಇನ್ನೊಬ್ಬನ ಗುಂಡು ಬೇರೆಯವನಿಗೆ ತಾಗಿತು. ಅವರಲ್ಲಿ ಒಪ್ಪಂದ ಇದ್ದಿದ್ದರೆ ಅದು ತಮ್ಮವನನ್ನು ಬಿಡಿಸಿಕೊಳ್ಳಲು, ಕೊಲ್ಲಲು ಅಂತ ಸಾಬೀತಾಗಿಲ್ಲ ಎಂದು ಎರಡನೆಯವನ ಕೊಲೆ ಶಿಕ್ಷೆ ರದ್ದಾಯಿತು.

ಅದಕ್ಕೇ ಪ್ರತಿ ಆರೋಪಿಗೂ ಒಂದೊಂದು ಹಾಳೆ ಮಾಡಿ. ಮೊದಲೇ ಆಯುಧ ತಂದಿದ್ದನೇ, ಏನು ಕೂಗಿದ, ಏಟು ಬಿದ್ದ ಮೇಲೂ ನಿಂತನೇ, ಯಾರ ಜೊತೆ ಓಡಿದ, ಎಫ್‌ಐಆರ್‌ನಲ್ಲಿ ಅವನ ಬಗ್ಗೆ ಏನಿದೆ, ಅದು ಮ್ಯಾಜಿಸ್ಟ್ರೇಟರಿಗೆ ಯಾವಾಗ ತಲುಪಿತು. 2024ರ ಜುಲೈ 1ರಿಂದ ಆದ ಕೃತ್ಯಗಳಿಗೆ 34ರ ಜಾಗದಲ್ಲಿ ಹೊಸ ಭಾರತೀಯ ನ್ಯಾಯ ಸಂಹಿತೆಯ (ಬಿಎನ್‌ಎಸ್) 3(5) ಬಂದಿದೆ, ತಿರುಳು ಅದೇ. ಜೀವಾವಧಿ ಆದರೆ ಹೈಕೋರ್ಟಿಗೆ ಅಪೀಲು ಹಾಕಲು 60 ದಿನ. ಜೊತೆಗೇ ಅಪೀಲು ಮುಗಿಯುವವರೆಗೆ ಶಿಕ್ಷೆ ತಡೆಹಿಡಿಯಿರಿ ಅನ್ನುವ ಅಮಾನತಿನ ಅರ್ಜಿಯನ್ನೂ ಹಾಕಿ, ಎ3ನಂಥವರಿಗೆ ಆ ಹಾಳೆ ಮೊದಲು ಕೆಲಸಕ್ಕೆ ಬರುವುದು ಅಲ್ಲೇ.