ಮೆಲ್ಲಗೆ ಊದಿದ ಲೆಸ್ಟರ್ ಯಂಗ್

ಸ್ಯಾಕ್ಸೋಫೋನ್ ಅಂದರೆ ಕದ್ರಿ ಗೋಪಾಲನಾಥರು ಅಂದುಕೊಂಡೇ ಬೆಳೆದವನು ನಾನು. ಜಾಝ್ ಕೇಳಲು ಶುರುಮಾಡಿದ ಮೇಲೆ ಮೊದಲು ಹಿಡಿಸಿದ್ದು ಕೋಲ್‌ಮನ್ ಹಾಕಿನ್ಸ್. ಎದೆಗೆ ಬಂದು ಗುದ್ದುವ ದಪ್ಪ ನಾದ. ಆಮೇಲೆ ಲೆಸ್ಟರ್ ಯಂಗ್ ಕೇಳಿದಾಗ, ಸುಳ್ಳು ಯಾಕೆ, ಈ ಮನುಷ್ಯನಿಗೆ ಉಸಿರು ಸಾಲುತ್ತಿಲ್ಲವೇನೋ ಅನ್ನಿಸಿತ್ತು.

1934ರಲ್ಲಿ ಅವನ ಜೊತೆಯವರೂ ಹೀಗೇ ಗೊಣಗಿದ್ದರು. ಹಾಕಿನ್ಸ್ ಯುರೋಪಿಗೆ ಹೋದದ್ದರಿಂದ ನ್ಯೂಯಾರ್ಕಿನ ಫ್ಲೆಚರ್ ಹೆಂಡರ್ಸನ್ ಆರ್ಕೆಸ್ಟ್ರಾದಲ್ಲಿ ಆ ಜಾಗಕ್ಕೆ ಲೆಸ್ಟರ್ ಬಂದ. ದಪ್ಪ ದನಿಯ ಟೆನರ್ ಸ್ಯಾಕ್ಸೋಫೋನ್ ಹಿಡಿದು, ಅದಕ್ಕಿಂತ ಚಿಕ್ಕದಾದ, ತೆಳು ದನಿಯ ಆಲ್ಟೋ ಥರ ಊದುತ್ತಾನೆ ಅನ್ನುವುದೇ ಎಲ್ಲರ ದೂರು. ಉಳಿದುಕೊಂಡಿದ್ದು ಹೆಂಡರ್ಸನ್ ಮನೆಯಲ್ಲೇ. ಬೆಳಗಾದರೆ ಹೆಂಡರ್ಸನ್ ಹೆಂಡತಿ ಲಿಯೋರಾ ಹಾಕಿನ್ಸ್ ರೆಕಾರ್ಡ್ ಹಾಕಿ, ಹೀಗೆ ನುಡಿಸಬಾರದೇ ಎಂದು ಕೇಳುತ್ತಿದ್ದರಂತೆ. ಲೆಸ್ಟರ್ ಕಿವಿಯಲ್ಲಿದ್ದದ್ದು ಇನ್ನೊಬ್ಬ ಸ್ಯಾಕ್ಸೋಫೋನ್ ವಾದಕ ಫ್ರಾಂಕಿ ಟ್ರಂಬಾವರ್. ಆಲ್ಟೋಗೂ ಟೆನರ್‌ಗೂ ನಡುವಿನ, ಟ್ರಂಬಾವರ್ ನುಡಿಸುತ್ತಿದ್ದ ಸಿ-ಮೆಲೊಡಿ ಸ್ಯಾಕ್ಸೋಫೋನಿನ ಆ ಹಗುರ ದನಿಯನ್ನೇ ಅವನು ಟೆನರ್‌ನಲ್ಲಿ ಹುಡುಕುತ್ತಿದ್ದ. ಕೆಲವೇ ತಿಂಗಳಲ್ಲಿ ಬಿಟ್ಟು ಹೊರಟ. ಹೊರಡುವಾಗ, ತನ್ನನ್ನು ಕೆಲಸದಿಂದ ತೆಗೆದದ್ದಲ್ಲ ಅಂತ ಹೆಂಡರ್ಸನ್ ಕೈಲಿ ಪತ್ರ ಬರೆಸಿಕೊಂಡನಂತೆ! ಓದಿ ನಗು ಬಂತು, ಪಾಪ ಅಂತಲೂ ಅನ್ನಿಸಿತು.

ಎರಡೇ ವರ್ಷಕ್ಕೆ ಪಿಯಾನೋ ವಾದಕ ಕೌಂಟ್ ಬೇಸಿಯ ಜೊತೆ ಷಿಕಾಗೋದಲ್ಲಿ 'ಶೂ ಶೈನ್ ಬಾಯ್' ರೆಕಾರ್ಡಿಂಗ್. ನನ್ನ ಕಿವಿ ತಿದ್ದಿದ್ದು ಅದೇ. ಒಂದು ಸಾಲು ಎಲ್ಲಿ ಮುಗಿಯಬೇಕು ಅಂತ ನಾವು ಕಾಯುತ್ತೇವೋ ಅಲ್ಲಿ ಮುಗಿಸದೆ, ಅವನು ತಾಳದ ಅಂಚು ದಾಟಿ ಇನ್ನೆಲ್ಲೋ ಇಳಿಸುತ್ತಾನೆ. ಅವಸರವೇ ಇಲ್ಲ.

1944ರಲ್ಲಿ ಸೈನ್ಯಕ್ಕೆ ಎಳೆದುಕೊಂಡರು. ಮರುವರ್ಷ ಗಾಂಜಾ, ಮಾತ್ರೆ ಸಿಕ್ಕಿದ್ದಕ್ಕೆ ಕೋರ್ಟ್ ಮಾರ್ಷಲ್, ಜಾರ್ಜಿಯಾದಲ್ಲಿ ಸೆರೆ. ಅದರ ಬಗ್ಗೆ ಬರೆಯಲು ನನಗೆ ಮನಸ್ಸಿಲ್ಲ.

1957ರ ಡಿಸೆಂಬರಿನಲ್ಲಿ ಅಮೆರಿಕದ ಸಿಬಿಎಸ್ ಟಿವಿಯಲ್ಲಿ ಜಾಝ್ ಗಾಯಕಿ ಬಿಲ್ಲಿ ಹಾಲಿಡೇ 'ಫೈನ್ ಅಂಡ್ ಮೆಲೋ' ಹಾಡಿದ್ದು ಯೂಟ್ಯೂಬಿನಲ್ಲಿದೆ. ಲೆಸ್ಟರ್‌ಗೆ 'ಪ್ರೆಜ್' (ಪ್ರೆಸಿಡೆಂಟ್ ಅನ್ನುವುದರ ಮೊಟಕು) ಅಂತ ಹೆಸರಿಟ್ಟವಳು ಅವಳೇ. ಕಾಯಿಲೆಯಿಂದ ಸೋತಿದ್ದ ಲೆಸ್ಟರ್ ಎದ್ದು ಬಂದು ಬರೀ 12 ಬಾರ್, ಅಂದರೆ ನಮ್ಮ ತಾಳದ ಆವರ್ತದಂಥ 12 ಸುತ್ತು, ನುಡಿಸುತ್ತಾನೆ. ಕೈಬೆರಳಲ್ಲಿ ಎಣಿಸಿಬಿಡಬಹುದೇನೋ ಅನ್ನುವಷ್ಟೇ ಸ್ವರ. ಕ್ಯಾಮೆರಾ ಬಿಲ್ಲಿಯ ಮುಖಕ್ಕೆ ತಿರುಗುತ್ತದೆ; ಅವಳು ತಲೆದೂಗುತ್ತಿದ್ದಾಳೆ. 1959ರ ಮಾರ್ಚಿನಲ್ಲಿ ಅವನು ಹೋದ, ಜುಲೈನಲ್ಲಿ ಅವಳು.

ಅದೇ ಹಾಡಿನಲ್ಲಿ ಸ್ವಲ್ಪ ಹೊತ್ತಿಗೆ ಹಾಕಿನ್ಸ್ ಸರದಿಯೂ ಬರುತ್ತದೆ. ಅಷ್ಟರಲ್ಲಿ ನಾನು ವಿಡಿಯೋ ಹಿಂದಕ್ಕೆ ಎಳೆದಿರುತ್ತೇನೆ.